ಅಧ್ಯಕ್ಷಮ್ಮ ಮತ್ತು ಅಳಿಯನ ಬಲೆ

ಅವರ ಎಡಗೈ ಹೆಬ್ಬೆರಳು ಮಡಚುತ್ತಿರಲಿಲ್ಲ. ಮದುವೆಯಾಗಿ ಬಂದ ಹೊಸತರಲ್ಲಿ ಬಲೆಯಿಂದ ಚೇಳುಮೀನು ಬಿಡಿಸಲು ಹೋಗಿ ಮುಳ್ಳು ಚುಚ್ಚಿಸಿಕೊಂಡಿದ್ದರಂತೆ. ಕೈ ಮೊಣಕೈವರೆಗೆ ಊದಿ, ಊತ ಇಳಿಯುವ ಹೊತ್ತಿಗೆ ಬೆರಳು ನೆಟ್ಟಗೆ ನಿಂತುಬಿಟ್ಟಿತ್ತು. ಹಾಗಾಗಿ ಅವರು ಟೀ ಲೋಟ ಹಿಡಿದರೂ, ಬಸ್ಸಿನ ಕಂಬಿಗೆ ಜೋತುಬಿದ್ದರೂ, ಸೆರಗಿನಲ್ಲಿ ಮುಖ ಒರೆಸಿಕೊಂಡರೂ ಆ ಹೆಬ್ಬೆರಳೊಂದು ಮೇಲಕ್ಕೆ ಎದ್ದು, ಎಲ್ಲಾ ಸರಿಯಾಗಿದೆ ಅಂತ ಯಾರಿಗೋ ಸನ್ನೆ ಮಾಡುತ್ತಿರುವ ಹಾಗೆ ಕಾಣುತ್ತಿತ್ತು. ಮೊದಲ ದಿನ ನನ್ನ ಆಫೀಸಿನ ಬೆಂಚಿನ ಮೇಲೆ ಕೂತು, "ನಮ್ ಕೆರೆ ಹೋಯ್ತದೆ ಲಾಯರಮ್ಮ, ಏನಾರ ಮಾಡಿ" ಎಂದು ಕಣ್ಣಲ್ಲಿ ನೀರು ತಂದುಕೊಂಡಾಗಲೂ ಬೆರಳು ಹಾಗೇ ಇತ್ತು. ನನಗೆ ನಗು ಬಂದುಬಿಟ್ಟಿತು. ಅವರೂ ಕಣ್ಣೊರೆಸಿಕೊಂಡು ನಕ್ಕರು. "ಎಲ್ರೂ ನಗ್ತಾರೆ ಬುಡಿ" ಅಂದರು.

ಮಧುಗಿರಿಯಲ್ಲಿ ನಾನು ಕರಿಕೋಟು ಹಾಕಿಕೊಂಡು ಇಪ್ಪತ್ತು ವರ್ಷ ದಾಟಿದೆ. ಭಾಗದ ದಾವೆ, ಬದುವಿನ ಜಗಳ, ಚೆಕ್ಕು ಬೌನ್ಸು, ಇವುಗಳಲ್ಲೇ ಕಣ್ಣು ಸವೆಸಿಕೊಂಡಿದ್ದವಳಿಗೆ ಮೀನಿನ ಕೇಸು ಹೊಸದು. ಬಡವನಹಳ್ಳಿಯಿಂದ ಒಳಕ್ಕೆ ಹೋದರೆ, ಶಿರಾ ತಾಲ್ಲೂಕಿನ ಗಡಿಗೆ ಅಂಟಿಕೊಂಡ ಹಾಗೆ ಒಂದು ಸರ್ಕಾರಿ ಕೆರೆಯಿದೆ. ಅದರಲ್ಲಿ ಮೀನು ಬಿಟ್ಟು ಹಿಡಿಯುವ ಹಕ್ಕನ್ನು ಮೀನುಗಾರಿಕೆ ಇಲಾಖೆಯವರು ಐದೈದು ವರ್ಷಕ್ಕೆ ಮೀನುಗಾರರ ಸಂಘಕ್ಕೆ ಗುತ್ತಿಗೆ ಕೊಡುತ್ತಾರೆ. ಕಾಗದದಲ್ಲಿ ಅದಕ್ಕೆ ಮೀನು ಪಾಶುವಾರು ಎಂದು ಹೆಸರು. ಆ ಊರಿನ ಮೂವತ್ತು ಚಿಲ್ಲರೆ ಬೆಸ್ತರ ಮನೆಗಳು ಸೇರಿ ಮಾಡಿಕೊಂಡ ಸಂಘಕ್ಕೆ ಈ ಹೆಂಗಸು ಅಧ್ಯಕ್ಷೆ. ಊರಲ್ಲಿ, ಸಂತೆಯಲ್ಲಿ, ಇಲಾಖೆಯ ಕಚೇರಿಯಲ್ಲಿ, ಎಲ್ಲರ ಬಾಯಲ್ಲೂ ಅಧ್ಯಕ್ಷಮ್ಮ. ನಾನೂ ಹಾಗೇ ಕರೆಯುತ್ತಾ ಬಂದೆ.

ಆ ಪದವಿ ಅವರಿಗೆ ಸಿಕ್ಕಿದ್ದು ದೊಡ್ಡ ಗೌರವಕ್ಕೇನಲ್ಲ. ಬೇರೆ ಯಾರಿಗೂ ಬೇಡವಾಗಿತ್ತು, ಅಷ್ಟೆ. ಸಂಘ ಕಟ್ಟಿದ್ದು ಅವರ ಗಂಡ. ಆತ ತೀರಿಕೊಂಡ ಕಾಲಕ್ಕೆ ಕೆರೆಗೆ ಸರಿಯಾಗಿ ನೀರು ಬಂದು ಎಷ್ಟೋ ವರ್ಷವಾಗಿತ್ತು. ಅಂಗಳದ ತುಂಬ ಬಳ್ಳಾರಿ ಜಾಲಿ. ಸದಸ್ಯರಲ್ಲಿ ಅರ್ಧ ಜನ ಪಾವಗಡದ ಕಡೆ ತಿರುಮಣಿಗೆ ಹೋಗಿ ಸೋಲಾರ್ ಹಲಗೆ ತೊಳೆಯುವ ಕೆಲಸಕ್ಕೆ ಸೇರಿದ್ದರು, ಇನ್ನರ್ಧ ಕೊರಟಗೆರೆಯಲ್ಲಿ ಗಾರೆ ಕೆಲಸಕ್ಕೆ. ಬಲೆ ಅಟ್ಟದಲ್ಲಿ ಇಲಿಗಳ ಪಾಲಾಗಿತ್ತು. ಅಧ್ಯಕ್ಷಮ್ಮ ಮಾತ್ರ ಬಡವನಹಳ್ಳಿ ಸಂತೆಯಲ್ಲಿ ಒಣಮೀನು ಮಾರಿಕೊಂಡು, ವರ್ಷಕ್ಕೊಮ್ಮೆ ಇದ್ದಬದ್ದವರನ್ನೆಲ್ಲ ಎಳೆದು ತಂದು, ಒಣಗಿದ ಕೆರೆಯ ಅಂಗಳದಲ್ಲೇ ತೂಬಿನ ನೆರಳಲ್ಲಿ ಸಂಘದ ಮಹಾಸಭೆ ಮಾಡಿಸುತ್ತಿದ್ದರು. ಗುತ್ತಿಗೆ ಮುಗಿದಾಗಲೆಲ್ಲ ಇಲಾಖೆಗೆ ಹೋಗಿ ಮತ್ತೆ ಬರೆಸಿಕೊಂಡು ಬರುತ್ತಿದ್ದರು. "ಕೆರೇಲಿ ದನ ಮೇಯ್ತಿವೆ, ನೀವೇನಮ್ಮ ಹಿಡೀತೀರಾ?" ಎಂದು ಅಲ್ಲಿಯ ಸಾಹೇಬರೊಬ್ಬರು ರೇಗಿಸಿದ್ದರಂತೆ. "ನೀರು ಬಂದಾಗ ಮೀನೂ ಬತ್ತವೆ ಬುಡಿ ಸಾರ್. ಕೆರೆ ಎಲ್ಲೂ ಓಡೋಗಲ್ಲ" ಅಂದಿದ್ದರಂತೆ ಇವರು. ಕೆರೆ ಎಲ್ಲೂ ಓಡಿಹೋಗಲ್ಲ ಎನ್ನುವುದು ಅವರ ಖಾಯಂ ಮಾತು. ಬಸ್ಸು ತಪ್ಪಿದರೂ ಅದೇ, ಜಡ್ಜ್ ಸಾಹೇಬರು ರಜೆಯಲ್ಲಿದ್ದರೂ ಅದೇ.

ಕೊನೆಗೂ ನೀರು ಬಂತು. ಎರಡು ವರ್ಷ ಒಂದರ ಮೇಲೊಂದು ಹುಚ್ಚು ಮಳೆ ಹುಯ್ದು, ಕೆರೆ ತುಂಬಿ ಕೋಡಿ ಬಿತ್ತು. ತಿರುಮಣಿಯವರು, ಕೊರಟಗೆರೆಯವರು ಎಲ್ಲ ಗಂಟುಮೂಟೆ ಕಟ್ಟಿಕೊಂಡು ಊರಿಗೆ ಬಂದರು. ಸಾಲಸೋಲ ಮಾಡಿ ಕಾಟ್ಲಾ, ರೋಹು ಮರಿ ತಂದು ಬಿಟ್ಟರು. ಅದೇ ಮಳೆಗೆ ಅತ್ತ ಶಿರಾ ತಾಲ್ಲೂಕಿನ ಪಕ್ಕದ ಊರಿನಲ್ಲಿ ಏರಿ ಒಡೆದು, ಆ ಊರಿನ ಕೆರೆ ಒಂದೇ ದಿನದಲ್ಲಿ ಬರಿದಾಗಿ ಹೋಯಿತು. ಅಧ್ಯಕ್ಷಮ್ಮನ ಒಬ್ಬಳೇ ಮಗಳನ್ನು ಕೊಟ್ಟಿದ್ದು ಆ ಊರಿಗೇ.

ಇಲ್ಲಿಯ ಬೆಸ್ತರಲ್ಲಿ ಒಂದು ರೂಢಿಯಿದೆ. ನಾನು ಈ ಕೇಸು ಹಿಡಿಯದಿದ್ದರೆ ಸಾಯುವವರೆಗೂ ನನಗೆ ಗೊತ್ತಾಗುತ್ತಿರಲಿಲ್ಲ. ಒಂದು ಊರಿನ ಕೆರೆ ಒಣಗಿದರೆ ಆ ಊರಿನ ಗಂಡಸು ಹೆಂಡತಿಯ ತವರಿನ ಕೆರೆಯಲ್ಲಿ ಬಲೆ ಹಾಕಬಹುದು. ಯಾರೂ ಬೇಡ ಅನ್ನುವಂತಿಲ್ಲ, ಪಾಲು ಕೇಳುವಂತಿಲ್ಲ. ಮೊದಲು ಸಿಕ್ಕ ಮೀನನ್ನು ಅತ್ತೆಯ ಮನೆಗೆ ಕೊಟ್ಟರೆ ಮುಗಿಯಿತು. ಅದಕ್ಕೆ ಅಳಿಯನ ಬಲೆ ಎನ್ನುತ್ತಾರೆ. ಹಿಂದೆ ಇವರ ಕೆರೆ ಒಣಗಿ ಅವರ ಕೆರೆಯಲ್ಲಿ ನೀರಿದ್ದಾಗ ಇಲ್ಲಿಯ ಗಂಡಸರೂ ಅಲ್ಲಿ ಹೋಗಿ ಬಲೆ ಹಾಕಿ ಬದುಕಿದ್ದರು. ಹಾಗಾಗಿ ಅಳಿಯ ಬಂದು ಬಾಗಿಲಲ್ಲಿ ನಿಂತಾಗ ಅಧ್ಯಕ್ಷಮ್ಮ ಯೋಚನೆಯನ್ನೇ ಮಾಡಲಿಲ್ಲ. "ಬನ್ನಿ ಬನ್ನಿ, ಹಾಕ್ಕಳಿ" ಅಂದರು. ಆ ಊರಿನ ಹನ್ನೊಂದು ಅಳಿಯಂದಿರ ಬಲೆ ಎರಡು ವರ್ಷ ಈ ಕೆರೆಯಲ್ಲಿ ಆಡಿತು.

ಗುತ್ತಿಗೆಯ ಅವಧಿ ಮುಗಿದು ಮತ್ತೆ ಅರ್ಜಿ ಕರೆದಾಗ ಯಡವಟ್ಟು ಶುರುವಾಯಿತು. ಅತ್ತಲ ಊರಿನವರಿಗೂ ಒಂದು ಸಂಘವಿತ್ತು. ಅದರ ಅಧ್ಯಕ್ಷ ಬೇರೆ ಯಾರೂ ಅಲ್ಲ, ಇವರ ಅಳಿಯನೇ. ಒಡೆದ ಏರಿಯನ್ನು ಯಾರೂ ಕಟ್ಟಿಕೊಡುವ ಲಕ್ಷಣ ಇರಲಿಲ್ಲ. ಅವನ ಸದಸ್ಯರ ಮನೆಯಲ್ಲೂ ಒಲೆ ಉರಿಯಬೇಕಲ್ಲ. ಕೆರೆಯ ಹಿನ್ನೀರು ನಮ್ಮ ತಾಲ್ಲೂಕಿನೊಳಗೆ ಬರುತ್ತದೆ, ಎರಡು ವರ್ಷದಿಂದ ನಾವೇ ಮೀನು ಹಿಡಿಯುತ್ತಿದ್ದೇವೆ, ಅರ್ಧ ಹಕ್ಕು ನಮಗೆ ಬರೆದುಕೊಡಿ ಎಂದು ಅವರು ಅರ್ಜಿ ಹಾಕಿದರು. ಜೊತೆಗೆ ಮೊಬೈಲಿನಲ್ಲಿ ತೆಗೆದ, ತಮ್ಮ ಹನ್ನೊಂದು ಬಲೆಗಳ ಫೋಟೋ. ಇಲಾಖೆ ಇವರ ಸಂಘಕ್ಕೇ ಮತ್ತೆ ಗುತ್ತಿಗೆ ಬರೆದುಕೊಟ್ಟಿತು. ಅವರು ಬಿಡಲಿಲ್ಲ, ಬಲೆ ಎತ್ತಲಿಲ್ಲ. ಇವರ ಹುಡುಗರು ಹೋಗಿ ಅವರ ಬಲೆ ಕುಯ್ದರು. ಬೀಗರು ಬೀಗರು ಕೈ ಕೈ ಮಿಲಾಯಿಸಿ, ಒಬ್ಬ ತಲೆ ಒಡೆಸಿಕೊಂಡು ಶಿರಾ ಆಸ್ಪತ್ರೆಗೆ ಹೋದ. ಆಮೇಲೆ ಅಧ್ಯಕ್ಷಮ್ಮ ನನ್ನ ಬೆಂಚಿನ ಮೇಲೆ ಬಂದು ಕೂತಿದ್ದು.

ನನಗೆ ಇದು ಸುಲಭದ ಕೇಸು ಅನಿಸಿತು. ಗುತ್ತಿಗೆ ಇವರ ಹೆಸರಲ್ಲಿದೆ, ಅವರು ಅತಿಕ್ರಮ ಮಾಡುತ್ತಿದ್ದಾರೆ, ತಡೆಯಾಜ್ಞೆ ಕೊಡಿ, ಮುಗಿಯಿತು. "ಸದರಿ ಕೆರೆಯಲ್ಲಿ ನಮ್ಮ ಸಂಘದವರ ಹೊರತು ಬೇರೆ ಯಾರೂ ಯಾವತ್ತೂ ಮೀನು ಹಿಡಿದಿರುವುದಿಲ್ಲ, ಪ್ರತಿವಾದಿಗಳು ಕದ್ದುಮುಚ್ಚಿ ಬಲೆ ಹಾಕಿರುತ್ತಾರೆ" ಎಂದು ಚೆಂದವಾಗಿ ದಾವೆ ಬರೆದು ಓದಿ ಹೇಳಿದೆ. ಅಧ್ಯಕ್ಷಮ್ಮ ಕೈ ಅಡ್ಡ ಹಿಡಿದರು.

"ಅದು ಸುಳ್ಳಲ್ವಾ ಲಾಯರಮ್ಮ. ಅವ್ರು ಕದ್ದಾಕಿಲ್ಲ. ನಾನೇ ಬನ್ನಿ ಅಂದಿದ್ದು."

"ಹಾಗೆ ಬರೆದರೆ ಅವರಿಗೆ ಹಿಡಿತ ಸಿಕ್ಕಿಬಿಡುತ್ತೆ ಅಧ್ಯಕ್ಷಮ್ಮ. ನೀವೇ ಅವಕಾಶ ಕೊಟ್ಟಿದ್ದೀರಿ ಅಂತ ಆಗುತ್ತೆ."

"ಕೊಟ್ಟಿದ್ದು ಖರೇನೇ ಅಲ್ವಾ. ಅಳಿಯನ ಬಲೆ ಅಂತ ಬರ್ಕಳಿ. ನೆಂಟ್ರು ಅಂತ ಕರುದ್ರೆ ಮನೇನೇ ನಮ್ದು ಅಂದ್ರು ಅಂತ ಬರ್ಕಳಿ. ಕಳ್ಳ್ರು ಅಂತ ಮಾತ್ರ ಬರೀಬ್ಯಾಡಿ. ನಾಳೆ ನನ್ ಮಗ್ಳು ಕಳ್ಳನ ಹೆಂಡ್ತಿ ಅಂತ ಕೋರ್ಟ್ನಾಗೆ ಕೂಗ್ತಾರೆ."

ನಾನು ತಲೆ ಚಚ್ಚಿಕೊಂಡೆ. ಜೊತೆಗೆ ಬಂದಿದ್ದ ಸಂಘದ ಕಾರ್ಯದರ್ಶಿಯೂ ಎಷ್ಟೋ ಹೇಳಿನೋಡಿದ. "ಲೇ, ನಿಮ್ಮಪ್ಪ ಅವ್ರ ಕೆರೇಲಿ ಹಿಡುದು ನಿನ್ನ ಸಾಕುದ್ನಲ್ಲೋ" ಎಂದು ಅವನ ಬಾಯಿ ಮುಚ್ಚಿಸಿದರು. ಕಡೆಗೆ ಅವರು ಹೇಳಿದ ಹಾಗೇ ಬರೆದೆ, ಸಿಡುಕಿಕೊಂಡೇ ಬರೆದೆ. ಬಲಗೈಯಲ್ಲಿ ಪೆನ್ನು ಒತ್ತಿ ಹಿಡಿದು, ಒಂದೊಂದೇ ಅಕ್ಷರಕ್ಕೆ ಉಸಿರು ಬಿಗಿಹಿಡಿದು ಅವರು ಸಹಿ ಮಾಡಿದರು. ಸಹಿ ಕಲಿತದ್ದು ಅಧ್ಯಕ್ಷೆಯಾದ ಮೇಲಂತೆ.

ಬರೆದದ್ದಕ್ಕೆ ತಕ್ಕ ಹಾಗೇ ಆಯಿತು. ಎದುರು ಪಕ್ಷದ ವಕೀಲರು ಎದ್ದು ನಿಂತು, ನೋಡಿ ಸ್ವಾಮಿ, ವಾದಿಯೇ ಒಪ್ಪಿಕೊಂಡಿದ್ದಾರೆ, ನಮ್ಮನ್ನು ಕರೆದಿದ್ದೇ ಅವರು ಅಂದರು. ಹಾಗಾದ ಮೇಲೆ ಒಬ್ಬರಿಗೆ ಹಾಕಿ, ಇನ್ನೊಬ್ಬರಿಗೆ ಬೇಡ ಎನ್ನಲು ಜಡ್ಜ್ ಸಾಹೇಬರಿಗೆ ದಾರಿಯಿರಲಿಲ್ಲ. ಈಗಾಗಲೇ ತಲೆ ಬೇರೆ ಒಡೆದಿತ್ತು. ದಾವೆ ತೀರ್ಮಾನವಾಗುವ ತನಕ ಎರಡೂ ಸಂಘದವರು ಯಥಾಸ್ಥಿತಿ ಕಾಪಾಡಬೇಕು, ಯಾರೂ ಮೀನು ಹಿಡಿಯಬಾರದು ಎಂದು ಆದೇಶವಾಯಿತು. ಇದನ್ನು ಸೂಚಿಸಿದ್ದೂ ನಾನೇ. ಬರಿಗೈಯಲ್ಲಿ ಬರುವುದಕ್ಕಿಂತ ಇಷ್ಟಾದರೂ ಸಿಗಲಿ ಅಂತ ನನ್ನ ಲೆಕ್ಕಾಚಾರ. ಹೊರಗೆ ಬಂದು, "ಗಾಬರಿಯಾಗಬೇಡಿ, ಅವರೂ ಹಾಕೋ ಹಾಗಿಲ್ಲ, ಎಲ್ಲಾ ಇದ್ದ ಹಾಗೇ ಇರಬೇಕು ಅಂತ ಆರ್ಡರ್ ಆಗಿದೆ" ಎಂದೆ, ಏನೋ ಗೆದ್ದವಳ ಹಾಗೆ.

ಅವರು ನನ್ನ ಮುಖವನ್ನೇ ನೋಡಿದರು. "ನೀರಿಗೂ ಆರ್ಡ್ರು ಆಗೈತಾ ಲಾಯರಮ್ಮ, ಇದ್ದಂಗೇ ಇರು ಅಂತ?"

ತಮಾಷೆಗೆ ಕೇಳಿದ್ದಾರೆ ಅಂದುಕೊಂಡು ನಕ್ಕುಬಿಟ್ಟೆ. ಅವರು ನಗಲಿಲ್ಲ.

ಆಮೇಲೆ ಶುರುವಾಯಿತು ನೋಡಿ ವಾಯಿದೆಗಳ ಮೆರವಣಿಗೆ. ಒಂದು ಸಲ ಅವರ ವಕೀಲರಿಗೆ ಮೈ ಸರಿಯಿಲ್ಲ, ಒಂದು ಸಲ ಇಲಾಖೆಯ ಕಡತ ಬಂದಿಲ್ಲ, ಒಂದು ಸಲ ನನ್ನ ತಮ್ಮನ ಮದುವೆ. ಅತ್ತೆ, ಅಳಿಯ ಇಬ್ಬರೂ ಬಡವನಹಳ್ಳಿಯಲ್ಲಿ ಒಂದೇ ಬಸ್ಸು ಹತ್ತಿ ಬರುತ್ತಿದ್ದರು. ಬೇರೆ ಬಸ್ಸು ಇರಲಿಲ್ಲ. ಅವನು ಅವರ ಚೀಲ ಹಿಡಿದುಕೊಂಡು ಕೋರ್ಟಿನ ಗೇಟಿನ ತನಕ ಬಂದು, ಅಲ್ಲಿ ಚೀಲ ಅವರ ಕೈಗೆ ಕೊಟ್ಟು, ತನ್ನ ವಕೀಲರ ಕಡೆಗೆ ನಡೆಯುತ್ತಿದ್ದ. ಮಧ್ಯಾಹ್ನ ಹುಣಸೆಮರದ ಕೆಳಗೆ ಅಧ್ಯಕ್ಷಮ್ಮ ಬುತ್ತಿ ಬಿಚ್ಚಿದರೆ ಅದರಲ್ಲಿ ಎರಡು ಮುದ್ದೆ. "ಬಾ ಉಣ್ಣು. ಜಗ್ಳ ಒಳಗಡೆ ಐತೆ, ಇಲ್ಲೇನೈತೆ" ಎನ್ನುತ್ತಿದ್ದರು. ಅವನು ಆ ಕಡೆ ಈ ಕಡೆ ನೋಡಿ, ಬಂದು ಕೂತು, ತಲೆ ಎತ್ತದೆ ಉಣ್ಣುತ್ತಿದ್ದ. ಎದುರು ಪಕ್ಷದವನ ಜೊತೆ ಹೀಗೆ ಕೂರಬೇಡಿ, ನೋಡಿದವರು ಏನಂದಾರು ಎಂದು ನಾನು ಒಂದೆರಡು ಸಲ ಗದರಿದ್ದೂ ಉಂಟು. ಅಧ್ಯಕ್ಷಮ್ಮನ ಸಂಘದವರಿಗೂ ಇದು ಕಣ್ಣಿಗೆ ಕಸ ಬಿದ್ದ ಹಾಗೆ ಆಗುತ್ತಿತ್ತು.

ವಾಯಿದೆಯ ದಿನ ಬೆಳಗ್ಗೆ ಅವರು ಬಸ್ಸು ಹತ್ತುವ ಮುಂಚೆ ಕೆರೆಗೆ ಇಳಿದು ಬರುತ್ತಿದ್ದರು. ತೂಬಿನ ಹತ್ತಿರ ನಿಂತು ನೀರು ಎಲ್ಲಿಗೆ ಬರುತ್ತದೆ ನೋಡುವುದು. ಬಂದವರೇ ನನಗೆ ಅದನ್ನು ಒಪ್ಪಿಸುವುದು. ದೀಪಾವಳಿ ಆದ ಮೇಲೆ ಒಂದು ದಿನ "ಕುತ್ಗೆ ಮಟ್ಟ ಐತೆ" ಅಂದರು. ಸಂಕ್ರಾಂತಿಗೆ ಎದೆ ಮಟ್ಟ. ಶಿವರಾತ್ರಿಗೆ ಸೊಂಟ. ಗದ್ದೆಯವರು ನೀರು ಬಿಟ್ಟುಕೊಳ್ಳುತ್ತಿದ್ದರು, ಮೇಲಿನಿಂದ ಬಿಸಿಲು ಹೀರುತ್ತಿತ್ತು. ಯುಗಾದಿ ಹೊತ್ತಿಗೆ ಅವರ ಸೀರೆಯಲ್ಲಿ ಮೊಣಕಾಲಿನ ಹತ್ತಿರ ಕೆಸರಿನ ಗೆರೆ ಕಂಡಿತು. ಅಷ್ಟರಲ್ಲಿ ಕಾಟ್ಲಾ ಒಂದೊಂದೂ ಮಗುವಿನ ತೂಕ ಬೆಳೆದಿವೆ, ರಾತ್ರಿ ನೀರಲ್ಲಿ ಜಿಗಿಯುವ ಸದ್ದಿಗೆ ಏರಿಯ ಮೇಲಿನ ನಾಯಿಗಳು ಬೊಗಳುತ್ತವೆ ಎಂದು ಕಾರ್ಯದರ್ಶಿ ಹೇಳಿದ.

ಆಗ ನನಗೆ ಎಚ್ಚರವಾಯಿತು. ನೀರು ಬತ್ತುತ್ತಿದೆ, ಎರಡೂ ಕಡೆಯವರ ಎದುರಲ್ಲೇ ಮೀನು ಹಿಡಿದು ಮಾರಿ, ಬಂದ ದುಡ್ಡನ್ನು ಕೋರ್ಟಿನಲ್ಲೇ ಇಡಲು ಅಪ್ಪಣೆ ಕೊಡಿ ಎಂದು ಮಧ್ಯಂತರ ಅರ್ಜಿ ಹಾಕಿದೆ. ಎದುರಿನವರು ಆಕ್ಷೇಪಣೆ ಸಲ್ಲಿಸಲು ಕಾಲಾವಕಾಶ ಕೇಳಿದರು. ಅದು ಅವರ ಹಕ್ಕು. ನಾನಾದರೂ ಅದನ್ನೇ ಮಾಡುತ್ತಿದ್ದೆ. ಮುಂದಿನ ವಾಯಿದೆ ಬೇಸಿಗೆ ರಜೆ ಕಳೆದು ಜೂನಿಗೆ ಬಿತ್ತು. ಶಿವರಾತ್ರಿಗೇ ಹಾಕಬೇಕಾಗಿದ್ದ ಅರ್ಜಿ ಅದು. ನಾನು ತಮ್ಮನ ಮದುವೆಯ ಓಡಾಟದಲ್ಲಿ ತಡಮಾಡಿದ್ದೆ.

ಮೇ ತಿಂಗಳ ಒಂದು ಬೆಳಗ್ಗೆ ಫೋನು ಬಂತು. ನಾನು ಮನೆಯಲ್ಲಿ ಮಾವಿನಕಾಯಿ ಹೆಚ್ಚುತ್ತಾ ಕೂತಿದ್ದೆ. ಆ ಕಡೆ ಜಾತ್ರೆಯ ಹಾಗೆ ಗದ್ದಲ.

"ಲಾಯರಮ್ಮ, ನೀರು ಹಿಮ್ಮಡಿಗೆ ಬಂದೈತೆ. ಮೀನು ಮೇಲಕ್ಕೆ ಬಾಯಿ ಬುಟ್ಕಂಡು ಅವೆ. ಸುತ್ತ ಏಳೂರಿನೋರೂ ಬಂದ್ಬುಟ್ಟವ್ರೆ ಕಣಮ್ಮ, ಮಂಕ್ರಿ, ಸೊಳ್ಳೆಪರದೆ, ಸಿಕ್ಕಿದ್ದೆಲ್ಲ ತಗಂಡು ಬಂದವ್ರೆ. ನಾವು ಮಾತ್ರ ಏರಿ ಮ್ಯಾಲೆ ನಿಂತಿದೀವಿ. ಇಳೀಬೋದಾ?"

ನಾನು ಚಾಕು ಕೆಳಗಿಟ್ಟೆ. ಆದೇಶ ಇದ್ದದ್ದು ಎರಡು ಸಂಘಗಳ ಮೇಲೆ. ಊರಿನ ಮಿಕ್ಕ ಜನ ದಾವೆಯಲ್ಲಿ ಪಕ್ಷಗಾರರೇ ಅಲ್ಲ, ಅವರನ್ನು ಕಟ್ಟಿಹಾಕುವ ಹಗ್ಗ ಆ ಕಾಗದದಲ್ಲಿ ಇರಲಿಲ್ಲ. ಕಟ್ಟುಬಿದ್ದಿದ್ದವರು ಎರಡೂ ಸಂಘದ ಮೀನುಗಾರರು ಮಾತ್ರ.

"ಬಲೆ ಬ್ಯಾಡ, ಬರೀ ಕೈಯಾಗೆ ಹಿಡ್ಕಂತೀವಿ. ಸಾಯೋ ಮೀನು. ಏನಾರ ಆಯ್ತದಾ?" ಅಂದರು.

ಇವತ್ತು ಯೋಚಿಸಿದರೆ, ಇಳಿಯಿರಿ ಅಂದಿದ್ದರೆ ಭೂಮಿ ಬಾಯಿ ಬಿಡುತ್ತಿರಲಿಲ್ಲ. ಎದುರಿನವರು ದೂರು ಕೊಡುತ್ತಿದ್ದರು, ನಾನು ಜೂನಿನಲ್ಲಿ ನಿಂತು ಏನಾದರೂ ಉತ್ತರ ಹೇಳುತ್ತಿದ್ದೆ. ಆದರೆ ಆ ಕ್ಷಣಕ್ಕೆ ನನ್ನ ತಲೆಗೆ ಬಂದದ್ದು ನನ್ನ ಹೆಸರು. ವಕೀಲರೇ ಆದೇಶ ಮುರಿಯಲು ಹೇಳಿದರು ಅಂತ ಯಾರಾದರೂ ಬಾಯಿಬಿಟ್ಟರೆ? ಹೆದರಿಕೊಂಡೆ. "ಬೇಡ ಅಧ್ಯಕ್ಷಮ್ಮ, ಇಳೀಬೇಡಿ. ನ್ಯಾಯಾಂಗ ನಿಂದನೆ ಆಗುತ್ತೆ, ಜೈಲಿಗೆ ಹೋಗ್ತೀರಿ. ಯಾರನ್ನೂ ಇಳಿಸಬೇಡಿ" ಎಂದೆ.

"ಆಗ್ಲಿ ಬುಡಿ" ಅಂದರು ಅವರು.

ಮನಸ್ಸು ತಡೆಯದೆ ಮಧ್ಯಾಹ್ನ ಸ್ಕೂಟರ್ ತೆಗೆದುಕೊಂಡು ಹೋದೆ. ಆಗಲೇ ಎಲ್ಲ ಮುಗಿದಿತ್ತು. ಎತ್ತಿನ ಗಾಡಿ, ಆಟೋ, ಬೈಕು, ಎಲ್ಲದರ ಮೇಲೂ ಮೀನು ಹೇರಿಕೊಂಡು ಜನ ಎದುರಿಗೆ ಸಿಕ್ಕರು. ಕೆರೆಯ ಅಂಗಳ ತುಳಿದ ಕೆಸರು, ಕೊಕ್ಕರೆಗಳು, ಸತ್ತ ಸಣ್ಣ ಮೀನಿನ ವಾಸನೆ. ಬೆಳಗ್ಗೆಯೆಲ್ಲ ಏರಿಯ ಒಂದು ತುದಿಯಲ್ಲಿ ಇವರ ಸಂಘದವರು, ಇನ್ನೊಂದು ತುದಿಯಲ್ಲಿ ಅಳಿಯನ ಸಂಘದವರು ನಿಂತು ನೋಡಿದರಂತೆ. ತಾವು ಮರಿ ಬಿಟ್ಟು ಸಾಕಿದ್ದನ್ನು ಮೀನು ಮುಟ್ಟಿ ಗೊತ್ತಿಲ್ಲದವರು ಬಾಚಿಕೊಂಡು ಹೋಗುವುದನ್ನು ಕೈಕಟ್ಟಿ ನೋಡಿದರಂತೆ. ಒಬ್ಬ ಹುಡುಗ ತಡೆಯಲಾರದೆ ಕೆಳಗೆ ಹಾರಿದಾಗ ಅಧ್ಯಕ್ಷಮ್ಮ ತಾವೇ ಇಳಿದು ಅವನ ಅಂಗಿ ಹಿಡಿದು ಮೇಲಕ್ಕೆ ಎಳೆದು ತಂದರಂತೆ. "ಕೋರ್ಟು ಬ್ಯಾಡ ಅಂದೈತೆ ಕಣ್ಲಾ" ಎಂದು ಅವನ ಕೆನ್ನೆಗೆ ಹೊಡೆದು, ತಾವೇ ಅತ್ತರಂತೆ. ಇಡೀ ಸೀಮೆಯಲ್ಲಿ ಆ ಆದೇಶವನ್ನು ಅಕ್ಷರಕ್ಕೆ ಅಕ್ಷರ ಪಾಲಿಸಿದವರು ಆ ಬಡಪಾಯಿಗಳೇ.

ನಾನು ಹೋದಾಗ ಅವರ ಕಡೆಯವರೆಲ್ಲ ಮನೆಗೆ ಹೋಗಿಬಿಟ್ಟಿದ್ದರು. ಏರಿಯ ಮೇಲೆ ಅಧ್ಯಕ್ಷಮ್ಮ, ಪಕ್ಕದಲ್ಲಿ ಅವರ ಮಗಳು, ಇಬ್ಬರೇ ಕೂತಿದ್ದರು. ಮಗಳು ಬೆಳಗ್ಗೆಯೇ ಗಂಡನ ಕಡೆ ಬಿಟ್ಟು ತಾಯಿಯ ಹತ್ತಿರ ಬಂದು ನಿಂತಿದ್ದಳಂತೆ. ನಾನೂ ಹೋಗಿ ಪಕ್ಕದಲ್ಲಿ ಕೂತೆ. "ಈ ಬಿಸ್ಲಾಗೆ ಯಾಕೆ ಬರಕ್ಕೋದ್ರಿ" ಎಂದು ಅಧ್ಯಕ್ಷಮ್ಮ ತಮ್ಮ ಬಾಟಲಿಯ ನೀರು ಕೊಟ್ಟರು. ಕುಡಿದೆ. ಅವತ್ತು ಅವರು ಕೆರೆ ಎಲ್ಲೂ ಓಡಿಹೋಗಲ್ಲ ಅನ್ನಲಿಲ್ಲ.

ಜೂನಿನ ವಾಯಿದೆಗೆ ಬಂದವರು ಕಾರ್ಯದರ್ಶಿ ಒಬ್ಬನೇ. ಈಗ ಅವನೇ ಅಧ್ಯಕ್ಷ. ಸಭೆ ಸೇರಿ ಅವರನ್ನು ಇಳಿಸಿಬಿಟ್ಟೆವು ಮೇಡಂ ಅಂದ. "ಅಳಿಯನ ಮ್ಯಾಲಿನ ಮಮ್ತೆಗೆ ನಮ್ ಹೊಟ್ಟೆ ಮ್ಯಾಲೆ ಹೊಡುದ್ಲು. ಅವತ್ತು ಇಳುದ್ರೆ ಯಾರು ಕೇಳ್ತಿದ್ರು?" ಎಂದು ಕುದಿದ. ನಾನು ಹೊಸ ವಕಾಲತ್ತಿಗೆ ಅವನ ಸಹಿ ಹಾಕಿಸಿಕೊಂಡೆ. ಬೇಡ ಅಂದವಳು ನಾನೇ ಅಂತ ಹೇಳಲಿಲ್ಲ. "ಅವರಿಗೂ ವಯಸ್ಸಾಯ್ತು ಬಿಡಿ" ಎಂದು ಒಂದು ಮಾತು ಬೇರೆ ಸೇರಿಸಿದೆ. ನನ್ನನ್ನು ಯಾರೂ ಏನೂ ಅನ್ನಲಿಲ್ಲವಲ್ಲ ಅಂತ ಒಳಗೊಳಗೇ ಸಮಾಧಾನವಾಗಿತ್ತು. ಅದನ್ನು ಈಗ ಬರೆಯಲು ನಾಚಿಕೆಯಾಗುತ್ತದೆ.

ಆಮೇಲೆ ಒಂದೇ ಸಲ ಅವರನ್ನು ನೋಡಿದ್ದು, ಬಡವನಹಳ್ಳಿ ಸಂತೆಯಲ್ಲಿ. ಗೋಣಿ ಹಾಸಿಕೊಂಡು ಒಣಮೀನು ಗುಡ್ಡೆ ಹಾಕಿಕೊಂಡು ಕೂತಿದ್ದರು. ಸೊರಗಿದ್ದರು. ಅವರ ಊರಿನ ಇಬ್ಬರು ಹೆಂಗಸರು ಪಕ್ಕದಲ್ಲೇ ಹಾದುಹೋದರೂ ಮಾತಾಡಿಸಲಿಲ್ಲ. "ವಾಯ್ದೆ ಯಾವತ್ತೈತೆ?" ಎಂದು ಕೇಳಿದರು. ಹೇಳಿದೆ. "ಇಲಾಖೆ ಕಡತ ಬಂತಾ?" ಎಂದರು. ಬಂದಿಲ್ಲ ಅಂದೆ. ಒಂದು ಗುಡ್ಡೆ ಒಣಮೀನನ್ನು ಪೇಪರಿನಲ್ಲಿ ಸುತ್ತಿ, ಬೇಡ ಬೇಡ ಅಂದರೂ ನನ್ನ ಚೀಲಕ್ಕೆ ಹಾಕಿದರು. ದೂರಿನ ಒಂದು ಮಾತು ಅವರ ಬಾಯಿಂದ ಬರಲಿಲ್ಲ. ಬಂದಿದ್ದರೆ ನನಗೆ ಹಗುರವಾಗುತ್ತಿತ್ತೇನೋ.

ಮುಂದಿನ ವರ್ಷದ ಚಳಿಗಾಲದಲ್ಲಿ ಅವರು ಹೋದ ಸುದ್ದಿ ಬಂತು. ಊರಿನವರು ಮಾತು ಬಿಟ್ಟ ಮೇಲೆ ಮಗಳು ತನ್ನ ಮನೆಗೆ ಕರೆದುಕೊಂಡು ಹೋಗಿದ್ದಳಂತೆ, ಅಲ್ಲೇ ಎದೆನೋವು ಬಂದು ತೀರಿಕೊಂಡರಂತೆ. ಹನ್ನೊಂದನೇ ದಿನ ಹೋದೆ. ನಮ್ಮ ದಾವೆಯ ಒಂದನೇ ಪ್ರತಿವಾದಿಯೇ ಓಡಿಬಂದು ನನಗೆ ಕುರ್ಚಿ ಹಾಕಿ, ನೀರು ತಂದುಕೊಟ್ಟ. ತಲೆ ಬೋಳಿಸಿಕೊಂಡಿದ್ದ. ಅವರಿಗೆ ಗಂಡುಮಕ್ಕಳಿರಲಿಲ್ಲ, ಮೊದಲ ಹಿಡಿ ಮಣ್ಣು ಹಾಕಿದವನು ಅಳಿಯನೇ.

ಊಟ ಮುಗಿಸಿ ಹೊರಡುವಾಗ ಮಗಳು ನನ್ನ ಜೊತೆ ಸ್ಕೂಟರ್ ತನಕ ಬಂದಳು.

"ಅವತ್ತು ನಮ್ಮವ್ವ ನಿಮ್ಗೆ ಫೋನ್ ಮಾಡ್ದಾಗ ನಾನು ಪಕ್ಕದಾಗೇ ಇದ್ದೆ ಲಾಯರಮ್ಮ. ನೀವು ಬ್ಯಾಡ ಅಂದಿದ್ದು ಕೇಳುಸ್ತು."

ಹೌದು ಅಂದೆ.

"ಸಭೇಲಿ ಎಲ್ರೂ ಮ್ಯಾಲೆ ಬಿದ್ದು ಕೇಳುದ್ರಂತೆ, ಲಾಯರಮ್ಮನ್ನ ಕೇಳುದ್ಯಾ, ಆವಮ್ಮ ಏನಂದ್ರು ಅಂತ. ಇಲ್ಲ, ಕೇಳ್ಲಿಲ್ಲ, ನನ್ಗೇ ತೋಚ್ತು, ನಾನೇ ತಡುದೆ ಅಂದ್ಲಂತೆ ನಮ್ಮವ್ವ. ಯಾಕವ್ವ ಅಂಗಂದೆ, ಇದ್ದಿದ್ದು ಹೇಳ್ಬೇಕಿತ್ತು ಅಂತ ನಾನು ಬೈದೆ. ನಿಜ ಹೇಳುದ್ರೆ ಆವಮ್ಮನ್ನೂ ಬುಟ್ಬುಡ್ತಾರೆ, ಆಮ್ಯಾಕೆ ಕೇಸು ಯಾರು ನೋಡ್ಕಂತಾರೆ ಅಂದ್ಲು."

ಕದ್ದರು ಅಂತ ಒಂದು ಸಾಲು ಬರೆಯಲು ಬಿಡದ ಹೆಂಗಸು. ಆ ಒಂದು ಸಾಲು ಬರೆದಿದ್ದರೆ ಕೆರೆ ಉಳಿಯುತ್ತಿತ್ತು ಅಂತ ಎಷ್ಟು ಸಲ ಮನಸ್ಸಿನಲ್ಲೇ ಬೈದುಕೊಂಡಿದ್ದೆ ನಾನು. ಅಂಥವರು ಬಾಯಿಬಿಟ್ಟು ಸುಳ್ಳು ಹೇಳಿದ್ದು ಒಂದೇ ಸಲ, ಅದೂ ನನ್ನನ್ನು ಉಳಿಸಲು. ನನ್ನ ಮೇಲಿನ ಪ್ರೀತಿಗೆ ಅಂತ ನಾನು ಹೇಳಿಕೊಳ್ಳಲಾರೆ, ಅವರಿಗೆ ಕೆರೆ ಬೇಕಿತ್ತು. ಅವರ ನಂಬಿಕೆಗೆ ನಾನು ಮಾಡಿದ್ದೇನು? ವಾಯಿದೆ ತೆಗೆದುಕೊಂಡೆ. ದಾರಿಯುದ್ದಕ್ಕೂ ಅಳು ಬಂತು. ಒಂದು ಕಡೆ ಸ್ಕೂಟರ್ ನಿಲ್ಲಿಸಿ ಅತ್ತೆ.

ಅದಾಗಿ ಒಂದು ವಾರಕ್ಕೆ ವಾಯಿದೆಯಿತ್ತು. ಹೊಸ ಅಧ್ಯಕ್ಷ ನನ್ನ ಆಫೀಸಿಗೆ ಬಂದು ಬೆಂಚಿನ ಮೇಲೆ ಕೂತ. ಇನ್ನೂ ಕೆರೆಗೆ ನೀರು ಬಂದಿರಲಿಲ್ಲ, ಗುತ್ತಿಗೆಯ ಅವಧಿಯಲ್ಲಿ ಅರ್ಧ ಹಾಗೇ ಕಳೆದುಹೋಗಿತ್ತು. ಎರಡೂ ಕಡೆಯವರೂ ಯಾಕೆ ಹೊಡೆದಾಡುತ್ತಿದ್ದಾರೆಂದು ಅವರಿಗೇ ಮರೆತ ಹಾಗಿತ್ತು. ನಾನು ಕಡತ ಮುಚ್ಚಿಟ್ಟು ಹೇಳಿದೆ: "ಅವತ್ತು ಅಧ್ಯಕ್ಷಮ್ಮ ನನಗೆ ಫೋನ್ ಮಾಡಿದ್ದರು. ಇಳೀಬೋದಾ ಅಂತ ಕೇಳಿದರು. ಬೇಡ ಅಂದವಳು ನಾನು."

ಬೈಯುತ್ತಾನೆ, ಕಡತ ಕೊಡಿ ಬೇರೆಯವರ ಹತ್ತಿರ ಹೋಗುತ್ತೇನೆ ಅನ್ನುತ್ತಾನೆ ಅಂದುಕೊಂಡು ಕಾದೆ. ಅವನು ಟವೆಲ್ ತೆಗೆದು ಮುಖ ಒರೆಸಿಕೊಂಡ.

"ಈಗ ಹೇಳ್ತೀರಲ್ಲ ಲಾಯರಮ್ಮ" ಅಂದ. "ನಾವ್ಯಾರೂ ಅವ್ಳ ಮಣ್ಣಿಗೂ ಹೋಗ್ಲಿಲ್ಲ."